ಕೀಲಿಕೈಯ ಹಿಂದಿರುವ ಸ್ವಿಚ್ಚು

ಕಾರನ್ನು ಇಟ್ಟುಕೊಂಡಿರುವ ಗೃಹಸ್ಥರು ದಿನವೂ ತಮ್ಮ ಕೈಯಿಂದಲೇ ನಡೆಯಿಸುವ, ಆದರೆ ವಾಹನದ ಆಯುಷ್ಯವೆಲ್ಲ ಮುಗಿದರೂ ಒಮ್ಮೆಯಾದರೂ ಕಣ್ಣಾರೆ ಕಾಣದೆ ಉಳಿಯುವ ಭಾಗವೊಂದು ಸ್ಟಿಯರಿಂಗ್ ಚಕ್ರದ ಕೆಳಗಿನ ಪ್ಲಾಸ್ಟಿಕ್ ಕವಚದೊಳಗೆ ಅಡಗಿಕೊಂಡಿರುತ್ತದೆ. ಕೀಲಿಕೈ ತೂರಿಸುವ ರಂಧ್ರವನ್ನು ಎಲ್ಲರೂ ಬಲ್ಲರು. ಆ ರಂಧ್ರದ ಹಿಂದೆ, ಅಂಗೈಯಲ್ಲಿ ಮರೆಯಾಗುವಷ್ಟು ಚಿಕ್ಕದಾದ, ನಾಲ್ಕಾರು ತಂತಿಗಳನ್ನು ಬೆನ್ನಿಗೆ ಕಟ್ಟಿಕೊಂಡಿರುವ ಇಗ್ನಿಷನ್ ಸ್ವಿಚ್ಚು ಇದೆಯೆಂಬುದನ್ನು ಬಲ್ಲವರು ವಿರಳ. ಇಂಜಿನ್ನಿಗೆ ಮೊದಲ ಚಾಲನೆ ದೊರೆಯುವುದು ಇದರ ಮೂಲಕ. ಚಾಲನೆ ದೊರೆತ ಇಂಜಿನ್ನು ಆರದೆ ಓಡುತ್ತಿರುವುದೂ ಇದರ ಮೂಲಕ. ವೈಪರು, ಫ್ಯಾನು, ರೇಡಿಯೋಗಳಿಗೆ ವಿದ್ಯುತ್ತು ಹಂಚಿಹೋಗುವುದೂ ಬಹುಮಟ್ಟಿಗೆ ಇದರ ಮೂಲಕವೇ. ಇಂಥ ಭಾಗವು ಕೆಟ್ಟಿರುವುದನ್ನು ತಿಳಿಯಲಾರದೆ, ಇನ್ನೂ ಎರಡು ವರ್ಷ ಬಾಳಬಹುದಾಗಿದ್ದ ಬ್ಯಾಟರಿಯನ್ನು ಮಾರಿ ಹೊಸದನ್ನು ತಂದವರೂ, ಏನೂ ತಪ್ಪುಮಾಡದ ಸೆಲ್ಫ್ ಮೋಟಾರನ್ನು ಕೆಳಗಿಳಿಸಿ ಬಿಚ್ಚಿಸಿದವರೂ, ಕಡೆಗೆ ಬೇಸತ್ತು ಕಾರನ್ನೇ ಅಗ್ಗಕ್ಕೆ ಕೊಟ್ಟುಬಿಟ್ಟವರೂ ನಮ್ಮ ನಡುವೆ ಉಂಟು.

ಕೀಲಿಕೈಯಿಂದ ನಡೆಯುವ ಬಹುಪಾಲು ಹಳೆಯ ಕಾರುಗಳಲ್ಲಿ ಈ ಸ್ವಿಚ್ಚನ್ನು ಮನೆಯ ಅಂಗಳದಲ್ಲಿಯೇ ಬದಲಿಸಿಕೊಳ್ಳುವುದು ಸಾವಧಾನಚಿತ್ತರಾದ ಯಾರಿಗೂ ಅಸಾಧ್ಯವಾದ ಕಾರ್ಯವಲ್ಲ. ಭಾನುವಾರದ ಪೂರ್ವಾಹ್ಣದಲ್ಲಿ ಮುಗಿಯತಕ್ಕ ಕೆಲಸ. ಆದರೆ ಈ ಕೆಲಸದ ಮುಕ್ಕಾಲು ಪಾಲು ಸ್ಕ್ರೂ ಬಿಚ್ಚುವುದಕ್ಕೆ ಮುಂಚೆಯೇ ನಡೆಯತಕ್ಕದ್ದು ಎಂಬುದು, ಎಂದರೆ ದೋಷವು ನಿಜವಾಗಿ ಅಲ್ಲಿಯೇ ಇದೆಯೆಂದು ನಿಶ್ಚಯಿಸಿಕೊಳ್ಳುವುದೇ ಇದರ ತಿರುಳು ಎಂಬುದು ನನ್ನ ದೃಢವಾದ ಅಭಿಪ್ರಾಯ. ಭಾಗವನ್ನು ಬದಲಿಸುವ ವಿಧಾನವನ್ನು ಹೇಳಿಕೊಡುವವರು ಅನೇಕರು. ಬದಲಿಸಬೇಕೋ ಬೇಡವೋ ಎಂಬುದನ್ನು ನಿರ್ಣಯಿಸುವ ಮಾರ್ಗವನ್ನು ತೋರಿಸುವವರು ಕಡಮೆ.

ಮೊದಲು ತಿಳಿಯಬೇಕಾದುದು, ಬೀಗ ಬೇರೆ, ಸ್ವಿಚ್ಚು ಬೇರೆ ಎಂಬ ಸಂಗತಿ. ಕೀಲಿಕೈಯ ಹಲ್ಲುಗಳನ್ನು ಗುರುತಿಸಿ ತಿರುಗಲು ಅನುಮತಿ ಕೊಡುವುದು ಲೋಹದ ಬೀಗ. ಕೀಲಿಕೈಯನ್ನು ಹೊರತೆಗೆದ ಮೇಲೆ ಒಂದು ಅಗುಳಿಯನ್ನು ಮುಂದಕ್ಕೆ ಚಾಚಿ ಸ್ಟಿಯರಿಂಗ್ ಕಂಬವನ್ನು ಬಂಧಿಸುವುದೂ ಅದರದೇ ಕೆಲಸ. ಆ ಬೀಗದ ಹಿಂಭಾಗದಿಂದ ಚಪ್ಪಟೆಯಾದ ನಾಲಗೆಯೊಂದು ಹೊರಟು ಸ್ವಿಚ್ಚಿನ ನಡುವಿನ ಸೀಳಿನಲ್ಲಿ ಕುಳಿತಿರುತ್ತದೆ. ಕೀಲಿಕೈ ತಿರುಗಿದಂತೆ ನಾಲಗೆ ತಿರುಗಿ, ನಾಲಗೆ ತಿರುಗಿದಂತೆ ಸ್ವಿಚ್ಚಿನೊಳಗಿನ ಹಿತ್ತಾಳೆಯ ಅಥವಾ ತಾಮ್ರದ ತಗಡುಗಳು ಒಂದು ಸ್ಪರ್ಶಬಿಂದುವಿನಿಂದ ಇನ್ನೊಂದಕ್ಕೆ ಸರಿಯುತ್ತವೆ. ಈ ಭೇದವನ್ನು ತಿಳಿದವನಿಗೆ ದೊರೆಯುವ ಲಾಭ ಅಲ್ಪವಲ್ಲ. ಸ್ವಿಚ್ಚು ಮಾತ್ರ ಕೆಟ್ಟಿದ್ದರೆ ಬೀಗವನ್ನು ಮುಟ್ಟಬೇಕಾಗಿಲ್ಲ, ಕೀಲಿಕೈ ಬದಲಾಗುವುದಿಲ್ಲ, ಬಾಗಿಲಿಗೊಂದು ಇಂಜಿನ್ನಿಗೊಂದು ಎಂದು ಎರಡು ಕೀಲಿಕೈಗಳನ್ನು ಹೊತ್ತು ತಿರುಗುವ ಪ್ರಸಂಗವೂ ಬರುವುದಿಲ್ಲ. ಕೀಲಿಕೈ ಒಳಕ್ಕೆ ಹೋಗದೆ ಸಿಕ್ಕಿಕೊಳ್ಳುವುದು, ಹೋದರೂ ತಿರುಗದಿರುವುದು, ಇವು ಬೀಗದ ರೋಗಗಳು. ಕೀಲಿಕೈ ನಯವಾಗಿ ತಿರುಗಿಯೂ ವಿದ್ಯುತ್ತು ಹರಿಯದಿರುವುದು ಸ್ವಿಚ್ಚಿನ ರೋಗ.

ಕೀಲಿಕೈ ನಿಲ್ಲುವ ಸ್ಥಾನಗಳು ಸಾಮಾನ್ಯವಾಗಿ ನಾಲ್ಕು: ಲಾಕ್, ಎಸಿಸಿ, ಆನ್, ಸ್ಟಾರ್ಟ್. ಬ್ಯಾಟರಿಯಿಂದ ಬಂದ ದಪ್ಪ ತಂತಿ ಸ್ವಿಚ್ಚಿಗೆ ಸದಾಕಾಲ ವಿದ್ಯುತ್ತನ್ನು ಒದಗಿಸುತ್ತಿರುತ್ತದೆ. ಎಸಿಸಿಯಲ್ಲಿ ರೇಡಿಯೋ ಮೊದಲಾದ ಉಪಕರಣಗಳಿಗೆ ಮಾತ್ರ ದಾರಿ ತೆರೆಯುತ್ತದೆ. ಆನ್ ಸ್ಥಾನದಲ್ಲಿ ಕಿಡಿ ಹೊತ್ತಿಸುವ ಮಂಡಲಕ್ಕೂ, ಮೀಟರುಗಳಿಗೂ, ಹೊಸ ಕಾರುಗಳಲ್ಲಾದರೆ ಇಂಜಿನ್ನನ್ನು ಆಳುವ ಕಂಪ್ಯೂಟರಿಗೂ ವಿದ್ಯುತ್ತು ಹೋಗುತ್ತದೆ. ಸ್ಟಾರ್ಟ್ ಸ್ಥಾನದಲ್ಲಿ, ಬೆರಳು ಒತ್ತಿ ಹಿಡಿದಿರುವಷ್ಟು ಹೊತ್ತು, ಸೆಲ್ಫ್ ಮೋಟಾರಿನ ಬೆನ್ನ ಮೇಲಿರುವ ಸಾಲಿನಾಯ್ಡಿಗೆ ಆಜ್ಞೆ ತಲುಪುತ್ತದೆ. ಸೆಲ್ಫ್ ಮೋಟಾರು ತಿರುಗುವಾಗ ಸೆಳೆದುಕೊಳ್ಳುವ ವಿದ್ಯುತ್ತು ನೂರು ಆಂಪಿಯರನ್ನು ಮೀರುವುದು ಸಾಮಾನ್ಯ. ಅಷ್ಟನ್ನೂ ಈ ಪುಟ್ಟ ಸ್ವಿಚ್ಚು ಹೊರಬೇಕಾಗಿದ್ದಿದ್ದರೆ ಕ್ಷಣಮಾತ್ರದಲ್ಲಿ ಕರಗಿಹೋಗುತ್ತಿತ್ತು. ಆ ಮಹಾಪ್ರವಾಹವು ಬ್ಯಾಟರಿಯಿಂದ ದಪ್ಪ ಕೇಬಲ್ಲಿನ ಮೂಲಕ ನೇರವಾಗಿ ಮೋಟಾರಿಗೆ ಹೋಗುತ್ತದೆ. ಸ್ವಿಚ್ಚು ಕಳುಹಿಸುವುದು ಆ ದ್ವಾರವನ್ನು ತೆರೆಯುವ ಸಣ್ಣ ಸೂಚನೆಯನ್ನು ಮಾತ್ರ. ಸೆಲ್ಫ್ ಹೊಡೆಯುವ ಆ ಹೊತ್ತಿನಲ್ಲಿ ಅನೇಕ ಕಾರುಗಳಲ್ಲಿ ಫ್ಯಾನೂ ರೇಡಿಯೋವೂ ತಾವಾಗಿ ನಿಲ್ಲುತ್ತವೆ. ಬ್ಯಾಟರಿಯ ಶಕ್ತಿಯೆಲ್ಲ ಮೋಟಾರಿಗೆ ದೊರೆಯಲೆಂದು ಮಾಡಿದ ಏರ್ಪಾಡು ಅದು. ಅದನ್ನು ದೋಷವೆಂದು ಭಾವಿಸಬಾರದು.

ಕೀಲಿಕೈ ತಿರುಗಿಸಿ ಇಂಜಿನ್ನನ್ನು ಚಾಲೂ ಮಾಡುವ ಈ ಸೌಕರ್ಯವು ಮೋಟಾರು ವಾಹನದೊಂದಿಗೇ ಹುಟ್ಟಿದ್ದಲ್ಲ. ಆದಿಯಲ್ಲಿ ಮುಂಭಾಗದ ರಂಧ್ರದಲ್ಲಿ ಹ್ಯಾಂಡಲ್ ತೂರಿಸಿ ಇಂಜಿನ್ನನ್ನು ತೋಳ್ಬಲದಿಂದ ತಿರುಗಿಸಬೇಕಾಗಿತ್ತು. ಇಂಜಿನ್ನು ಅಕಾಲದಲ್ಲಿ ಹೊತ್ತಿಕೊಂಡು ಹಿಂದಕ್ಕೆ ಒದ್ದರೆ ಮಣಿಕಟ್ಟು ಮುರಿಯುತ್ತಿತ್ತು. ನಮ್ಮ ಹಳೆಯ ಅಂಬಾಸಿಡರಿನೊಡನೆಯೂ ಆ ಹ್ಯಾಂಡಲ್ ಬರುತ್ತಿದ್ದುದನ್ನು ವಯಸ್ಸಾದ ವಾಚಕರು ಬಲ್ಲರು. ಅಮೆರಿಕದ ಓಹಾಯೋ ಸಂಸ್ಥಾನದ ಡೇಟನ್ ನಗರದಲ್ಲಿ ಚಾರ್ಲ್ಸ್ ಕೆಟರಿಂಗ್ ರೂಪಿಸಿದ ವಿದ್ಯುತ್ ಚಾಲಕವು, ಎಂದರೆ ಸೆಲ್ಫ್ ಮೋಟಾರು, 1912ರ ಕ್ಯಾಡಿಲ್ಯಾಕ್ ಕಾರುಗಳಲ್ಲಿ ಮೊದಲು ಬಂದು ಆ ಅಪಾಯವನ್ನು ನೀಗಿಸಿತು. ಅನಂತರವೂ ಬಹುಕಾಲ ಕೀಲಿಕೈ ಕಿಡಿಯ ಮಂಡಲವನ್ನು ಮಾತ್ರ ತೆರೆಯುತ್ತಿತ್ತು, ಸೆಲ್ಫಿಗೆ ಪ್ರತ್ಯೇಕವಾದ ಗುಂಡಿಯೋ ಕಾಲಿನ ಪೆಡಲೋ ಇರುತ್ತಿತ್ತು. ಎರಡನ್ನೂ ಒಂದೇ ಕೀಲಿಕೈಯ ತಿರುವಿಗೆ ಅಳವಡಿಸಿದ ಕೀರ್ತಿ 1949ರ ಕ್ರೈಸ್ಲರ್ ಕಾರುಗಳಿಗೆ ಸಲ್ಲುತ್ತದೆ.

ಸ್ವಿಚ್ಚು ಕೆಡುವುದೇಕೆ? ಲೋಹ ಲೋಹವನ್ನು ಮುಟ್ಟುವಲ್ಲಿ ಪ್ರತಿಸಲವೂ ಒಂದು ಸೂಕ್ಷ್ಮ ಕಿಡಿ ಹಾರುತ್ತದೆ. ವರ್ಷಗಳು ಕಳೆದಂತೆ ಸ್ಪರ್ಶಬಿಂದುಗಳ ಮೇಲೆ ಕಪ್ಪು ಪೊರೆ ಕಟ್ಟುತ್ತದೆ, ಗುಳಿಗಳು ಬೀಳುತ್ತವೆ, ಒಳಗಿನ ಗ್ರೀಸು ಧೂಳಿನೊಡನೆ ಸೇರಿ ಗಟ್ಟಿಯಾಗುತ್ತದೆ. ಹೀಗೆ ಹುಟ್ಟಿದ ತಡೆ ಒಂದು ಓಮಿನ ಹತ್ತನೆಯ ಒಂದು ಭಾಗವೇ ಇರಲಿ. ಅದರ ಮೂಲಕ ಹದಿನೈದು ಆಂಪಿಯರ್ ಹರಿಯುವಾಗ ಒಂದೂವರೆ ವೋಲ್ಟು ಅಲ್ಲಿಯೇ ನಷ್ಟವಾಗುತ್ತದೆ, ಇಪ್ಪತ್ತೆರಡೂವರೆ ವ್ಯಾಟಿನಷ್ಟು ಶಾಖ ಉತ್ಪನ್ನವಾಗುತ್ತದೆ. ರೇಡಿಯೋ ರಿಪೇರಿಯವನು ಬೆಸುಗೆಗೆ ಉಪಯೋಗಿಸುವ ಸಣ್ಣ ಕಾಯಿಸುವ ಕಡ್ಡಿಯೊಂದನ್ನು ಉರಿಸಿ ಪ್ಲಾಸ್ಟಿಕ್ಕಿನ ಪೆಟ್ಟಿಗೆಯೊಳಗೆ ಮುಚ್ಚಿಟ್ಟರೆ ಏನಾಗುವುದೋ ಅದೇ ಸ್ವಿಚ್ಚಿನೊಳಗೂ ಆಗುತ್ತದೆ. ಪ್ಲಾಸ್ಟಿಕ್ಕು ಮೆತ್ತಗಾಗಿ ತಗಡು ತನ್ನ ನೆಲೆಯಿಂದ ಕದಲುತ್ತದೆ. ಕದಲಿದಂತೆ ಸ್ಪರ್ಶ ಇನ್ನೂ ದುರ್ಬಲವಾಗುತ್ತದೆ. ದುರ್ಬಲವಾದಂತೆ ಶಾಖ ಇನ್ನೂ ಏರುತ್ತದೆ. ಇದನ್ನು ತ್ವರೆಗೊಳಿಸುವುದರಲ್ಲಿ ನಮ್ಮ ಕೈವಾಡವೂ ಉಂಟು. ಜೋರಾದ ಹಾರನ್ನು, ಮಂಜಿನ ದೀಪ, ಹೆಚ್ಚುವರಿ ಫ್ಯಾನು ಮುಂತಾದವನ್ನು ರಿಲೇ ಇಲ್ಲದೆ, ಫ್ಯೂಸ್ ಇಲ್ಲದೆ, ಕೈಗೆ ಸಿಕ್ಕಿದ ಇಗ್ನಿಷನ್ ತಂತಿಯ ಸಿಪ್ಪೆ ಸುಲಿದು ಅದಕ್ಕೆ ಹೆಣೆದುಬಿಡುವ ಪದ್ಧತಿ ನಮ್ಮಲ್ಲಿ ಹೇರಳವಾಗಿದೆ. ಆ ಭಾರವೆಲ್ಲ ಬೀಳುವುದು ಈ ಸ್ವಿಚ್ಚಿನ ಮೇಲೆಯೇ. ಅಂಥ ಜೋಡಣೆಯನ್ನು ತೆಗೆಯದೆ ಹೊಸ ಸ್ವಿಚ್ಚನ್ನು ಹಾಕಿದರೆ ಅದೂ ಹಳೆಯದರ ಹಾದಿಯನ್ನೇ ಹಿಡಿಯುತ್ತದೆ.

ಲಕ್ಷಣಗಳು ಹಲವು ಬಗೆ. ಬೆಳಗ್ಗೆ ಚೆನ್ನಾಗಿ ಸ್ಟಾರ್ಟ್ ಆದ ಕಾರು ಮಧ್ಯಾಹ್ನದ ಬಿಸಿಲಿನಲ್ಲಿ ಕೀಲಿಕೈಗೆ ಓಗೊಡದಿರುವುದು, ಸಂಜೆ ತಂಪಾದ ಮೇಲೆ ಪುನಃ ಸರಿಹೋಗುವುದು ಒಂದು ಬಗೆ. ಸೆಲ್ಫ್ ಹೊಡೆಯುತ್ತಿರುವಷ್ಟು ಹೊತ್ತು ಇಂಜಿನ್ನು ಹೊತ್ತಿಕೊಂಡಿದ್ದು, ಕೀಲಿಕೈಯನ್ನು ಬಿಟ್ಟ ತಕ್ಷಣ ಆರಿಹೋಗುವುದು ಇನ್ನೊಂದು. ಇಲ್ಲಿ ಸ್ಟಾರ್ಟ್ ಸ್ಥಾನದ ಸ್ಪರ್ಶ ಸರಿಯಾಗಿದ್ದು ಆನ್ ಸ್ಥಾನದ್ದು ಕೆಟ್ಟಿರುವ ಸಂಭವ ಹೆಚ್ಚು. ರಸ್ತೆಯ ಉಬ್ಬಿನ ಮೇಲೆ ಹಾರಿದಾಗ ಮೀಟರಿನ ದೀಪಗಳೆಲ್ಲ ಕಣ್ಣುಮಿಟುಕಿಸುವುದು, ಕೀಲಿಕೈಯ ಬುಡ ಮುಟ್ಟಲಾರದಷ್ಟು ಬೆಚ್ಚಗಾಗುವುದು, ಸುಟ್ಟ ವಾಸನೆ ಬರುವುದು, ಇವೆಲ್ಲ ಅದೇ ವರ್ಗಕ್ಕೆ ಸೇರಿದವು. ಎಲ್ಲಕ್ಕಿಂತ ಅಪಾಯಕರವಾದುದು, ಕೀಲಿಕೈಯನ್ನು ಬಿಟ್ಟರೂ ಅದು ಸ್ಟಾರ್ಟ್ ಸ್ಥಾನದಿಂದ ಹಿಂದಕ್ಕೆ ಚಿಮ್ಮದೆ, ಇಂಜಿನ್ನು ಓಡುತ್ತಿರುವಾಗಲೂ ಸೆಲ್ಫ್ ಮೋಟಾರು ಕಿರುಚುತ್ತ ತಿರುಗುತ್ತಲೇ ಇರುವುದು. ಆಗ ಇಂಜಿನ್ನನ್ನು ತಕ್ಷಣ ಆರಿಸತಕ್ಕದ್ದು. ಆಮೇಲೂ ಮೋಟಾರು ನಿಲ್ಲದಿದ್ದರೆ ಬ್ಯಾಟರಿಯ ಸಂಬಂಧವನ್ನೇ ಕಡಿಯತಕ್ಕದ್ದು.

ಆದರೆ ಈ ಲಕ್ಷಣಗಳಲ್ಲಿ ಅನೇಕವು ಅನ್ಯಕಾರಣಗಳಿಂದಲೂ ತೋರುವುದುಂಟು. ಆದುದರಿಂದ ಪರೀಕ್ಷೆಯನ್ನು ಬ್ಯಾಟರಿಯಿಂದಲೇ ತೊಡಗುವುದು ವಿವೇಕ. ಟರ್ಮಿನಲ್ಲುಗಳ ಮೇಲೆ ಬಿಳಿಯ, ಹಸುರು ಬಣ್ಣದ ಪುಡಿ ಕಟ್ಟಿದ್ದರೆ, ಕೇಬಲ್ಲನ್ನು ಬಿಚ್ಚಿ, ಅಡುಗೆಯ ಸೋಡಾ ಕಲಸಿದ ಬಿಸಿನೀರಿನಿಂದ ತೊಳೆದು, ಒರಸಿ, ಬಿಗಿಯಾಗಿ ಕಟ್ಟಿ ನೋಡಿರಿ. ಎಷ್ಟೋ ಕಾರುಗಳ ವ್ಯಾಧಿ ಇಲ್ಲಿಗೇ ಪರಿಹಾರವಾಗುತ್ತದೆ. ಮಲ್ಟಿಮೀಟರು ಇದ್ದವರು ವೋಲ್ಟೇಜನ್ನು ಅಳೆಯಬಹುದು: ಪೂರ್ಣವಾಗಿ ಚಾರ್ಜಾದ, ವಿಶ್ರಾಂತಿಯಲ್ಲಿರುವ ಬ್ಯಾಟರಿ ಸುಮಾರು 12.6 ವೋಲ್ಟು ತೋರಿಸಬೇಕು. ಸೆಲ್ಫ್ ಹೊಡೆಯುವಾಗಲೂ ಅದು 9.6ಕ್ಕಿಂತ ಕೆಳಗಿಳಿಯಬಾರದು. ಮೀಟರು ಇಲ್ಲದವರಿಗೆ ಛಾವಣಿಯ ಒಳದೀಪವೇ ಸಾಕ್ಷಿ. ಅದನ್ನು ಉರಿಸಿಟ್ಟು ಕೀಲಿಕೈಯನ್ನು ಸ್ಟಾರ್ಟಿಗೆ ತಿರುಗಿಸಿದಾಗ ದೀಪವು ಪೂರ್ತಿ ಮಂಕಾದರೆ ಬ್ಯಾಟರಿಯನ್ನೋ ಟರ್ಮಿನಲ್ಲನ್ನೋ ಶಂಕಿಸಬೇಕು. ದೀಪವು ಒಂದಿಷ್ಟೂ ಕುಂದದೆ, ಮುಂದುಗಡೆ ಯಾವ ಸದ್ದೂ ಕೇಳದೆ ಹೋದರೆ, ಆಜ್ಞೆಯು ಮೋಟಾರಿಗೆ ತಲುಪಲೇ ಇಲ್ಲವೆಂದು ಊಹಿಸಬೇಕು.

ಊಹೆಯನ್ನು ನಿರ್ಣಯವಾಗಿ ಮಾಡಿಕೊಳ್ಳಲು ಬೇಕಾದ ಸಾಧನ ಒಂದು ಟೆಸ್ಟ್ ಲ್ಯಾಂಪು. ಹನ್ನೆರಡು ವೋಲ್ಟಿನ ಸಣ್ಣ ಬಲ್ಬಿಗೆ ಎರಡು ತಂತಿ ಕಟ್ಟಿಕೊಂಡರೂ ನಡೆದೀತು. ಗೇರನ್ನು ನ್ಯೂಟ್ರಲ್ಲಿನಲ್ಲಿಟ್ಟು, ಹ್ಯಾಂಡ್ ಬ್ರೇಕನ್ನು ಎಳೆದು, ಚಕ್ರಕ್ಕೆ ಕಲ್ಲು ಕೊಟ್ಟು, ಬಲ್ಬಿನ ಒಂದು ತಂತಿಯನ್ನು ಇಂಜಿನ್ನಿನ ಲೋಹಕ್ಕೂ ಇನ್ನೊಂದನ್ನು ಸಾಲಿನಾಯ್ಡಿಗೆ ಬರುವ ತೆಳುವಾದ ತಂತಿಯ ತುದಿಗೂ ಹಚ್ಚಿ, ಮನೆಯವರೊಬ್ಬರಿಗೆ ಕೀಲಿಕೈಯನ್ನು ಸ್ಟಾರ್ಟಿಗೆ ತಿರುಗಿಸಿ ಹಿಡಿಯುವಂತೆ ಹೇಳಬೇಕು. ಬಲ್ಬು ಹೊತ್ತಿಕೊಂಡರೆ ಸ್ವಿಚ್ಚು ನಿರಪರಾಧಿ. ದೋಷವು ಸಾಲಿನಾಯ್ಡಿನಲ್ಲೋ ಮೋಟಾರಿನಲ್ಲೋ ಇದೆ. ಹೊತ್ತಿಕೊಳ್ಳದಿದ್ದರೆ ಸ್ವಿಚ್ಚಿಗೆ ತಂತಿಗಳನ್ನು ಜೋಡಿಸುವ ಕಪ್ಲರಿನ ಬಳಿಗೆ ಬಂದು, ಬ್ಯಾಟರಿಯ ತಂತಿಯಲ್ಲಿ ವಿದ್ಯುತ್ತಿದೆಯೇ, ಸ್ಟಾರ್ಟ್ ಸ್ಥಾನದಲ್ಲಿ ಹೊರಹೋಗುವ ತಂತಿಗೆ ಅದು ದಾಟುತ್ತಿದೆಯೇ ಎಂದು ಪರೀಕ್ಷಿಸಬೇಕು. ಒಳಕ್ಕೆ ಬಂದದ್ದು ಹೊರಕ್ಕೆ ಹೋಗದಿದ್ದರೆ ಅಪರಾಧಿ ಸಿಕ್ಕಿದಂತೆಯೇ. ಸ್ವಿಚ್ಚಿನಿಂದ ಹೊರಟ ವಿದ್ಯುತ್ತು ಮೋಟಾರನ್ನು ತಲುಪದಿದ್ದರೆ ಮಾತ್ರ ನಡುವೆ ಇರುವ ಫ್ಯೂಸು, ರಿಲೇ, ಕೆಲವು ಕಾರುಗಳಲ್ಲಿ ಕ್ಲಚ್ ಪೆಡಲಿನ ಬಳಿಯ ಸಣ್ಣ ಸ್ವಿಚ್ಚು, ಇವುಗಳನ್ನು ಹುಡುಕುತ್ತ ಹೋಗಬೇಕು. ತಂತಿಗಳ ಬಣ್ಣ ಮಾದರಿಯಿಂದ ಮಾದರಿಗೆ ಬೇರೆಯಾಗುವುದರಿಂದ ಪರರ ಬಾಯಿಮಾತನ್ನು ನೆಚ್ಚದೆ ಆಯಾ ಕಾರಿನ ಸರ್ವಿಸ್ ಕೈಪಿಡಿಯ ನಕ್ಷೆಯನ್ನೇ ನೆಚ್ಚತಕ್ಕದ್ದು. ಪರೀಕ್ಷೆಗೆಂದು ಎರಡು ತಂತಿಗಳನ್ನು ಕೈಯಿಂದ ತಾಗಿಸಿ ಕಿಡಿ ಹಾರಿಸುವ ಸಾಹಸಕ್ಕೆ, ಅದರಲ್ಲೂ ಕಂಪ್ಯೂಟರುಳ್ಳ ಕಾರುಗಳಲ್ಲಿ, ಯಾರೂ ಇಳಿಯಬಾರದು.

ಎಲ್ಲ ಕಾರುಗಳೂ ಮನೆಯ ಕೆಲಸಕ್ಕೆ ಒಗ್ಗುವುದಿಲ್ಲ. 1983ರ ಡಿಸೆಂಬರಿನಲ್ಲಿ ರಸ್ತೆಗಿಳಿದು 2014ರ ಜನವರಿಯವರೆಗೂ ತಯಾರಾದ ಮಾರುತಿ 800, ಅದರಲ್ಲಿಯೂ ಕಾರ್ಬ್ಯುರೇಟರಿನ ಕಾಲದ ಮಾದರಿಗಳು, ಕಲಿಯುವವನಿಗೆ ಅತ್ಯಂತ ಸುಲಭವಾದ ಪಾಠ. ಆಮೇಲಿನ ಕಾರುಗಳಲ್ಲಿ ಕೀಲಿಕೈಯ ಪ್ಲಾಸ್ಟಿಕ್ ತಲೆಯೊಳಗೆ ಒಂದು ಗುಪ್ತಸಂಕೇತದ ಚಿಪ್ ಇರುತ್ತದೆ; ಮಾರುತಿಯ ಕಾರುಗಳಲ್ಲಿ ಐಕ್ಯಾಟ್ಸ್ ಎಂಬ ಹೆಸರಿನಿಂದ ಪ್ರಸಿದ್ಧವಾದ ಕಳ್ಳತಡೆಯ ವ್ಯವಸ್ಥೆ ಈ ಜಾತಿಯದು. ಬೀಗದ ಬಾಯಿಯ ಸುತ್ತಲಿರುವ ಸುರುಳಿಯು ಆ ಸಂಕೇತವನ್ನು ಓದಿ ಒಪ್ಪಿದರೆ ಮಾತ್ರ ಇಂಜಿನ್ನು ಓಡುತ್ತದೆ. ವಿದ್ಯುತ್ ಸ್ವಿಚ್ಚನ್ನು ಮಾತ್ರ ಬದಲಿಸುವವನಿಗೆ ಇದರಿಂದ ತೊಂದರೆಯಿಲ್ಲ, ಆ ಸುರುಳಿಯ ಕೂದಲಿನಂಥ ತಂತಿಯನ್ನು ಕಡಿಯದಂತೆ ಎಚ್ಚರ ವಹಿಸಿದರೆ ಸಾಕು. ಆದರೆ ಗುಂಡಿ ಒತ್ತಿ ಚಾಲೂ ಮಾಡುವ ಕಾರುಗಳನ್ನೂ, ಸ್ವಿಚ್ಚಿಗಾಗಿ ಸ್ಟಿಯರಿಂಗ್ ಚಕ್ರವನ್ನೇ ಕಳಚಬೇಕಾದ ಏರ್‌ಬ್ಯಾಗಿನ ಕಾರುಗಳನ್ನೂ ಬಲ್ಲವರಿಗೆ ಬಿಡುವುದು ಲೇಸು. ಬೀಗವನ್ನು ಕಂಬಕ್ಕೆ ಬಂಧಿಸಿರುವ ಬೋಲ್ಟುಗಳ ವಿಷಯವೂ ಹಾಗೆಯೇ: ಕಳ್ಳನು ಬಿಚ್ಚಲಾರದಿರಲೆಂದು, ಬಿಗಿಮಾಡುವಾಗಲೇ ತಲೆ ಮುರಿದುಬೀಳುವಂತೆ ಅವುಗಳನ್ನು ಮಾಡಿರುತ್ತಾರೆ, ಅವನ್ನು ತೆಗೆಯಲು ಉಳಿ, ಡ್ರಿಲ್ಲು ಬೇಕು. ಅಲ್ಲಿಗೆ ಹೋಗಬೇಕಾದ ಕೆಲಸ ಅಂಗಳದ ಕೆಲಸವಲ್ಲ.

ಇನ್ನು ಬದಲಾವಣೆಯ ವಿಧಾನ. ಮೊದಲು ಬ್ಯಾಟರಿಯ ಋಣ ಟರ್ಮಿನಲ್ಲನ್ನು ಬಿಚ್ಚಿ ಪಕ್ಕಕ್ಕೆ ಸರಿಸಿಡಬೇಕು. ಧನ ಟರ್ಮಿನಲ್ಲನ್ನು ಮೊದಲು ಬಿಚ್ಚಹೋದರೆ ಸ್ಪ್ಯಾನರು ಬಾಡಿಗೆ ತಾಗಿ ಬೆಂಕಿ ಕಾರುತ್ತದೆ. ಏರ್‌ಬ್ಯಾಗು ಇದ್ದಲ್ಲಿ ಕೈಪಿಡಿ ಹೇಳಿದಷ್ಟು ನಿಮಿಷ ಕಾಯತಕ್ಕದ್ದು, ಏಕೆಂದರೆ ಅದರ ಮಂಡಲದಲ್ಲಿ ಕೊಂಚ ವಿದ್ಯುತ್ತು ಶೇಷವಾಗಿರುತ್ತದೆ. ಅನಂತರ ಚಾಲಕನ ಸೀಟನ್ನು ಹಿಂದಕ್ಕೆ ತಳ್ಳಿ, ಪಾದದ ಬಳಿ ಬಿಳಿಯ ಬಟ್ಟೆಯೊಂದನ್ನು ಹಾಸಿಕೊಂಡರೆ, ಜಾರಿಬಿದ್ದ ಸ್ಕ್ರೂ ಮ್ಯಾಟಿನ ಕೆಳಗೆ ಕಣ್ಮರೆಯಾಗುವುದು ತಪ್ಪುತ್ತದೆ. ಸ್ಟಿಯರಿಂಗ್ ಕಂಬದ ಕವಚವು ಮೇಲಿನದು, ಕೆಳಗಿನದು ಎಂದು ಎರಡು ಹೋಳಾಗಿದ್ದು, ಸ್ಕ್ರೂಗಳು ಸಾಮಾನ್ಯವಾಗಿ ಕೆಳಗಿನಿಂದ ಕುಳಿತಿರುತ್ತವೆ. ಸ್ಕ್ರೂಗಳೆಲ್ಲ ಬಂದ ಮೇಲೂ ಕವಚ ಬಿಡದಿದ್ದರೆ ಒಳಗೆ ಕೊಕ್ಕೆಗಳಿವೆಯೆಂದು ತಿಳಿದು, ಬಟ್ಟೆ ಸುತ್ತಿದ ಚಪ್ಪಟೆ ಸ್ಕ್ರೂಡ್ರೈವರಿನಿಂದ ಅಂಚನ್ನು ಮೆಲ್ಲನೆ ಮೀಟಬೇಕು. ವರ್ಷಗಟ್ಟಲೆ ಬಿಸಿಲುಂಡ ಪ್ಲಾಸ್ಟಿಕ್ಕು ಹಪ್ಪಳದಂತೆ ಮುರಿಯುವ ಸ್ಥಿತಿಯಲ್ಲಿರುತ್ತದೆ. ಅವಸರಪಟ್ಟವನು ಸ್ವಿಚ್ಚಿನ ಬೆಲೆಗಿಂತ ಹೆಚ್ಚಿನ ಬೆಲೆಯ ಕವಚವನ್ನು ಕೊಳ್ಳಬೇಕಾಗುತ್ತದೆ.

ಕವಚ ಕಳಚಿದ ಮೇಲೆ ಬೀಗದ ಹಿಂಬದಿಯಲ್ಲಿ ಸ್ವಿಚ್ಚು ಕಾಣುತ್ತದೆ. ಮುಟ್ಟುವ ಮೊದಲು ಮೊಬೈಲಿನಿಂದ ಎರಡು ಮೂರು ಕಡೆಯಿಂದ ಚಿತ್ರ ತೆಗೆದುಕೊಳ್ಳಿರಿ. ತಂತಿಗಳು ಯಾವ ಕ್ಲಿಪ್ಪಿನಡಿ ಹಾದುಹೋಗಿದ್ದುವೆಂಬುದು ಆಮೇಲೆ ನೆನಪಿರುವುದಿಲ್ಲ. ಕಪ್ಲರನ್ನು ಬಿಡಿಸುವಾಗ ಅದರ ನಾಲಗೆಯನ್ನು ಹೆಬ್ಬೆರಳಿನಿಂದ ಒತ್ತಿ ಪ್ಲಾಸ್ಟಿಕ್ಕಿನ ಮೈಯನ್ನು ಹಿಡಿದೆಳೆಯಬೇಕೇ ಹೊರತು ತಂತಿಗಳನ್ನು ಹಿಡಿದೆಳೆಯಬಾರದು. ಬಿಡಿಸಿದ ಕೂಡಲೇ ಅದರ ಮುಖವನ್ನು ಬೆಳಕಿಗೆ ಹಿಡಿದು ನೋಡಿರಿ. ಎಲ್ಲ ಪಿನ್ನುಗಳೂ ಹೊಳೆಯುತ್ತಿದ್ದು ಒಂದರ ಸುತ್ತ ಮಾತ್ರ ಪ್ಲಾಸ್ಟಿಕ್ಕು ಕಂದಿ, ಕಂದುಬಣ್ಣಕ್ಕೆ ತಿರುಗಿ, ಅಂಚು ಕರಗಿದಂತಿದ್ದರೆ, ಆ ದಾರಿಯಲ್ಲಿಯೇ ಅತಿಯಾದ ಶಾಖ ಹುಟ್ಟಿದೆಯೆಂದು ಸ್ಪಷ್ಟ. ಇಂಥಲ್ಲಿ ಸ್ವಿಚ್ಚನ್ನು ಬದಲಿಸಿ ಸುಟ್ಟ ಕಪ್ಲರನ್ನು ಹಾಗೆಯೇ ಉಳಿಸುವುದು ವ್ಯರ್ಥ. ಸಡಿಲವಾದ ಹಳೆಯ ಪಿನ್ನು ಹೊಸ ಸ್ವಿಚ್ಚನ್ನೂ ಕೆಲವೇ ತಿಂಗಳುಗಳಲ್ಲಿ ಸುಡುತ್ತದೆ. ಕಪ್ಲರನ್ನೋ ಕಡೆಯ ಪಕ್ಷ ಆ ಪಿನ್ನನ್ನೋ ಆಟೋ ಎಲೆಕ್ಟ್ರಿಷಿಯನ್ನಿನಿಂದ ಬದಲಿಸಿಕೊಂಡೇ ಮುಂದುವರಿಯಬೇಕು. ಈ ಒಂದು ಮಾತನ್ನು ಅಲಕ್ಷಿಸಿದ್ದರಿಂದಲೇ ಅನೇಕರು ಹೊಸ ಸ್ವಿಚ್ಚು ಕಳಪೆಯೆಂದು ಅಂಗಡಿಯವನನ್ನು ಶಪಿಸುತ್ತಾರೆ.

ಸ್ವಿಚ್ಚು ಬಹುತೇಕ ಒಂದೆರಡು ಸಣ್ಣ ಸ್ಕ್ರೂಗಳಿಂದ ಬೀಗಕ್ಕೆ ಅಂಟಿಕೊಂಡಿರುತ್ತದೆ. ಅಯಸ್ಕಾಂತದ ತುದಿಯುಳ್ಳ ಗಿಡ್ಡ ಸ್ಕ್ರೂಡ್ರೈವರು ಇಲ್ಲಿ ಬಹು ಉಪಕಾರಿ. ತೆಗೆಯುವಾಗ ಕೀಲಿಕೈ ಯಾವ ಸ್ಥಾನದಲ್ಲಿತ್ತೋ ಹೊಸದನ್ನು ಕೂರಿಸುವಾಗಲೂ ಅದೇ ಸ್ಥಾನದಲ್ಲಿರಬೇಕು. ಕೈಪಿಡಿಯು ನಿರ್ದಿಷ್ಟ ಸ್ಥಾನವನ್ನು ಹೇಳಿದ್ದರೆ ಅದೇ ಪ್ರಮಾಣ. ಹಳೆಯದನ್ನೂ ಹೊಸದನ್ನೂ ಪಕ್ಕಪಕ್ಕದಲ್ಲಿಟ್ಟು, ಪಿನ್ನುಗಳ ಸಂಖ್ಯೆ, ಸ್ಥಾನ, ಸ್ಕ್ರೂ ರಂಧ್ರಗಳ ಅಂತರ, ನಡುವಿನ ಸೀಳಿನ ಆಕಾರ ಒಂದೇ ಆಗಿವೆಯೇ ಎಂದು ಹೋಲಿಸಿ, ಹೊಸದರ ಸೀಳನ್ನು ಸ್ಕ್ರೂಡ್ರೈವರಿನಿಂದ ತಿರುಗಿಸಿ ಹಳೆಯದರ ದಿಕ್ಕಿಗೇ ತಂದುಕೊಳ್ಳಬೇಕು. ಬೀಗದ ನಾಲಗೆ ಸೀಳಿನೊಳಗೆ ಹೊಕ್ಕಾಗ ಸ್ವಿಚ್ಚು ಬಲಪ್ರಯೋಗವಿಲ್ಲದೆ ಸಮನಾಗಿ ಕುಳಿತುಕೊಳ್ಳುತ್ತದೆ. ಕುಳಿತುಕೊಳ್ಳದಿದ್ದರೆ ಸ್ಕ್ರೂ ಬಿಗಿದು ಎಳೆದು ಕೂರಿಸುವ ಯತ್ನ ಕೂಡದು. ತೆಗೆದು, ದಿಕ್ಕನ್ನು ಸರಿಪಡಿಸಿ, ಮತ್ತೆ ಇಡಬೇಕು.

ಕವಚವನ್ನು ಮುಚ್ಚುವ ಮುಂಚೆಯೇ ಪರೀಕ್ಷೆ ನಡೆಯತಕ್ಕದ್ದು. ಬ್ಯಾಟರಿಯನ್ನು ಜೋಡಿಸಿ, ಗೇರು ನ್ಯೂಟ್ರಲ್ಲಿನಲ್ಲಿರುವುದನ್ನು ನೋಡಿಕೊಂಡು, ಒಂದೊಂದು ಸ್ಥಾನದಲ್ಲಿಯೂ ಏನು ಹೊತ್ತಬೇಕೋ ಅದು ಹೊತ್ತುತ್ತದೆಯೇ, ಏನು ಆರಬೇಕೋ ಅದು ಆರುತ್ತದೆಯೇ ಎಂದು ಗಮನಿಸಬೇಕು. ಇಂಜಿನ್ನು ಹೊತ್ತಿಕೊಂಡ ಮೇಲೆ ಬೆರಳನ್ನು ತೆಗೆದರೆ ಕೀಲಿಕೈ ತಾನಾಗಿ ಆನ್ ಸ್ಥಾನಕ್ಕೆ ಚಿಮ್ಮಬೇಕು. ಇಂಜಿನ್ನು ಓಡುತ್ತಿರುವಾಗ ಕೀಲಿಕೈಯನ್ನು ಎಡಬಲಕ್ಕೆ ಮೆಲ್ಲನೆ ಅಲುಗಿಸಿದರೆ ಯಾವ ದೀಪವೂ ಮಿಣುಕಬಾರದು. ಕೊನೆಯಲ್ಲಿ ಕೀಲಿಕೈಯನ್ನು ತೆಗೆದು ಚಕ್ರವನ್ನು ತಿರುಗಿಸಿ, ಸ್ಟಿಯರಿಂಗ್ ಬಂಧಿತವಾಗುವುದನ್ನೂ ಪುನಃ ಬಿಡುಗಡೆಯಾಗುವುದನ್ನೂ ಕಾಣಬೇಕು. ಇಷ್ಟಾದ ಮೇಲೆ ಕವಚ.

ಕೀಲಿಕೈ ಒಂದು ಸ್ಥಾನದಿಂದ ಇನ್ನೊಂದಕ್ಕೆ ಹೋಗುವಾಗ ಕೈಗೆ ಅನುಭವವಾಗುವ ಆ "ಕಟಕ್" ಎಂಬ ತಡೆಯ ಬಗ್ಗೆ ವಿಶೇಷವಾಗಿ ಹೇಳಬೇಕಾದುದಿದೆ. ಅಮೆರಿಕದ ಜನರಲ್ ಮೋಟಾರ್ಸ್ ಸಂಸ್ಥೆಯು ಶೆವ್ರೊಲೆ ಕೋಬಾಲ್ಟ್, ಸ್ಯಾಟರ್ನ್ ಅಯಾನ್ ಮೊದಲಾದ ಸಣ್ಣ ಕಾರುಗಳಲ್ಲಿ ಅಳವಡಿಸಿದ್ದ ಸ್ವಿಚ್ಚಿನಲ್ಲಿ ಈ ತಡೆಯನ್ನು ಕೊಡುವ ಸ್ಪ್ರಿಂಗು ಮತ್ತು ಒತ್ತುಗುಂಡಿ ದುರ್ಬಲವಾಗಿದ್ದುವು. ಸಂಸ್ಥೆಯೇ ಗೊತ್ತುಮಾಡಿದ್ದ ಬಿಗಿತಕ್ಕಿಂತ ಅವುಗಳ ಬಿಗಿತ ಕಡಮೆಯಿತ್ತು. ಭಾರವಾದ ಕೀಲಿಕೈ ಗೊಂಚಲು ಜೋತಾಡಿದರೆ, ಚಾಲಕನ ಮೊಣಕಾಲು ತಾಗಿದರೆ, ರಸ್ತೆಯ ಕುಲುಕಾಟಕ್ಕೆ ಸಿಕ್ಕಿದರೆ, ಓಡುತ್ತಿರುವ ಕಾರಿನ ಕೀಲಿಕೈ ಆನ್ ಸ್ಥಾನದಿಂದ ಎಸಿಸಿಗೆ ಜಾರುತ್ತಿತ್ತು. ಇಂಜಿನ್ನು ಆರುತ್ತಿತ್ತು, ಸ್ಟಿಯರಿಂಗಿಗೂ ಬ್ರೇಕಿಗೂ ಇದ್ದ ಯಂತ್ರಸಹಾಯ ತಪ್ಪುತ್ತಿತ್ತು, ಡಿಕ್ಕಿಯಾದ ಗಳಿಗೆಯಲ್ಲಿ ಏರ್‌ಬ್ಯಾಗು ತೆರೆಯುತ್ತಿರಲಿಲ್ಲ. 2014ರಲ್ಲಿ ಸುಮಾರು 26 ಲಕ್ಷ ಕಾರುಗಳನ್ನು ಹಿಂದಕ್ಕೆ ಕರೆಯಿಸಬೇಕಾಯಿತು. ಸಂಸ್ಥೆಯು ಸ್ಥಾಪಿಸಿದ ಪರಿಹಾರನಿಧಿಯು 124 ಮರಣಗಳನ್ನು ಈ ದೋಷಕ್ಕೆ ಸಂಬಂಧಪಟ್ಟವೆಂದು ಒಪ್ಪಿಕೊಂಡಿತು. 2015ರಲ್ಲಿ ಸಂಸ್ಥೆಯು ಅಮೆರಿಕದ ಸರ್ಕಾರಕ್ಕೆ 90 ಕೋಟಿ ಡಾಲರು ತೆರಲು ಒಪ್ಪಿತು. ಇಷ್ಟು ಜೀವಗಳ ಹೊಣೆ ಅಂಗೈಯಗಲದ ಒಂದು ಭಾಗದ ಮೇಲಿತ್ತು. ನನ್ನ ಮನಸ್ಸನ್ನು ಹೆಚ್ಚಾಗಿ ನೋಯಿಸಿದ ಅಂಶ ಇನ್ನೊಂದು. ಉದ್ದವಾದ ಒತ್ತುಗುಂಡಿಯುಳ್ಳ ಸುಧಾರಿತ ಸ್ವಿಚ್ಚನ್ನು ಅವರು ಅದಕ್ಕೆ ಎಷ್ಟೋ ಮುಂಚೆಯೇ ತಯಾರಿಕೆಗೆ ತಂದಿದ್ದರು, ಆದರೆ ಅದರ ಪಾರ್ಟ್ ನಂಬರನ್ನು ಬದಲಿಸಿರಲಿಲ್ಲ. ಹಳೆಯದೂ ಹೊಸದೂ ಒಂದೇ ನಂಬರಿನಲ್ಲಿ ಉಳಿದುದರಿಂದ, ದೋಷವನ್ನು ಹುಡುಕುತ್ತಿದ್ದವರಿಗೆ ದಾರಿ ತಪ್ಪಿತು. ಅಪಘಾತದಲ್ಲಿ ಮಗಳನ್ನು ಕಳೆದುಕೊಂಡ ಒಂದು ಕುಟುಂಬದ ಪರವಾಗಿ ದುಡಿದ ಇಂಜಿನಿಯರರು ಹಳೆಯ ಕಾರಿನ ಸ್ವಿಚ್ಚನ್ನೂ ಅಂಗಡಿಯಿಂದ ತಂದ ಹೊಸದನ್ನೂ ಬಿಚ್ಚಿ ಹೋಲಿಸಿದಾಗಲೇ ಈ ವ್ಯತ್ಯಾಸ ಹೊರಬಿದ್ದದ್ದು.

ನಮ್ಮ ಘಟ್ಟದ ರಸ್ತೆಗಳಲ್ಲಿ ಪೆಟ್ರೋಲು ಉಳಿಸಲೆಂದು ಇಂಜಿನ್ನನ್ನು ಆರಿಸಿ ಇಳಿಯುವ ದುರಭ್ಯಾಸವೂ ಇದೇ ಅಪಾಯವನ್ನು ಕೈಯಾರೆ ಬರಮಾಡಿಕೊಂಡಂತೆ. ಇಂಜಿನ್ನು ನಿಂತ ಮೇಲೆ ಬ್ರೇಕಿನ ಬೂಸ್ಟರಿನಲ್ಲಿ ಉಳಿದಿರುವ ಶಕ್ತಿ ಒಂದೆರಡು ಒತ್ತಿಗೆ ತೀರಿಹೋಗುತ್ತದೆ. ಕೀಲಿಕೈ ಲಾಕಿನವರೆಗೂ ಹೋಗಿ ಕಳಚಿಬಂದರೆ ಚಕ್ರವೇ ಬಂಧಿತವಾಗುತ್ತದೆ. ಹದಿನಾಲ್ಕು ತಿರುವುಗಳ ಆಗುಂಬೆ ಘಟ್ಟದಲ್ಲಿ ಹಾಗಾದರೆ ಮುಂದಿನ ಗತಿಯನ್ನು ಹೇಳಬೇಕಾಗಿಲ್ಲ.

ಬಿಡಿಭಾಗವನ್ನು ಕೊಳ್ಳುವಲ್ಲಿಯೂ ವಿವೇಚನೆ ಬೇಕು. ಬೆಂಗಳೂರಿನ ಜೆ.ಸಿ. ರಸ್ತೆಯ ಅಂಗಡಿಗಳಲ್ಲಿ ಹಳೆಯ ಕಾರುಗಳ ಬಿಡಿಭಾಗಗಳನ್ನು ಹುಡುಕಿ ಪಡೆಯಬಹುದು. ಹಳೆಯ ಸ್ವಿಚ್ಚನ್ನು ಕೈಯಲ್ಲಿ ಹಿಡಿದುಕೊಂಡೇ ಹೋಗಿರಿ, ಅದರ ಮೈಮೇಲಿನ ನಂಬರನ್ನು ಓದಿ ಹೇಳಿರಿ, ಕಂಪನಿಯ ಮಾಲೇ ಬೇಕೆಂದು ಕೇಳಿರಿ. ಗುಜರಿಯಿಂದ ಬಂದ ಸ್ವಿಚ್ಚನ್ನು ಮಾತ್ರ ಯಾವ ಬೆಲೆಗೂ ಕೊಳ್ಳಬಾರದೆಂದು ನಾನು ಹೇಳುತ್ತೇನೆ. ಬಾಗಿಲನ್ನೋ ಬಂಪರನ್ನೋ ಅಲ್ಲಿಂದ ತಂದರೆ ನಡೆದೀತು, ಒಳಗೆ ಎಷ್ಟು ಸವೆದಿದೆಯೆಂದು ಕಣ್ಣಿಗೆ ಕಾಣದ ಸ್ವಿಚ್ಚನ್ನು ತಂದರೆ ನಡೆಯದು. ಅಂತೆಯೇ, ಕೆಟ್ಟ ಸ್ವಿಚ್ಚನ್ನು ಹಾಗೆಯೇ ಬಿಟ್ಟು ಡ್ಯಾಷ್‌ಬೋರ್ಡಿನ ಕೆಳಗೆ ಪ್ರತ್ಯೇಕವಾಗಿ ಗುಂಡಿಯೊಂದನ್ನು ಇಟ್ಟು ಸೆಲ್ಫ್ ಹೊಡೆಯುವ ಏರ್ಪಾಡನ್ನು ಯಾರಾದರೂ ಸೂಚಿಸಿದರೆ ಒಪ್ಪಬೇಡಿರಿ. ಸೆಲ್ಫಿನ ತೊಂದರೆ ಅದರಿಂದ ನೀಗೀತು. ಚಲಿಸುತ್ತಿರುವಾಗ ಇಂಜಿನ್ನನ್ನು ಆರಿಸಬಲ್ಲ ಆನ್ ಸ್ಥಾನದ ಸ್ಪರ್ಶಗಳು ಅಲ್ಲಿಯೇ ಕೆಡುತ್ತಲಿರುತ್ತವೆ.

ಕಾರು ತಯಾರಿಸುವವರಲ್ಲಿ ನನ್ನದೊಂದು ಬಿನ್ನಹವಿದೆ. ಕೆಟ್ಟದ್ದು ಸ್ವಿಚ್ಚು ಮಾತ್ರವಾಗಿದ್ದಾಗ ಬೀಗ, ಬಾಗಿಲುಗಳ ಕೀಲಿ ಎಲ್ಲವನ್ನೂ ಒಂದೇ ಸೆಟ್ಟಾಗಿ ಕೊಳ್ಳಬೇಕೆಂಬ ನಿರ್ಬಂಧವನ್ನು ಗಿರಾಕಿಯ ಮೇಲೆ ಹೇರದೆ, ವಿದ್ಯುತ್ ಸ್ವಿಚ್ಚನ್ನು ಪ್ರತ್ಯೇಕವಾಗಿ ಮಾರಿರಿ. ಭಾಗವನ್ನು ಬದಲಿಸಿದಾಗ ಅದರ ನಂಬರನ್ನೂ ಬದಲಿಸಿರಿ. ಮತ್ತು ಕನ್ನಡನಾಡಿನಲ್ಲಿ ಮಾರುವ ಪ್ರತಿಯೊಂದು ಕಾರಿನೊಡನೆಯೂ, ವಿದ್ಯುತ್ ಮಂಡಲದ ನಕ್ಷೆಯನ್ನು ಒಳಗೊಂಡ ಕನ್ನಡದ ಕೈಪಿಡಿಯೊಂದನ್ನು ಕೊಡಿರಿ.